ಕಾರ್ಮೆನ್ ಸಾಂಟೋಸ್ ಹೆಸರನ್ನೂ ಹೇಳಿ: ಬ್ರೆಜಿಲ್ ಸಿನಿಮಾವನ್ನು ನಮಗೆ ಪರಿಚಯಿಸುವವರಿಗೆ ಒಂದು ಬಹಿರಂಗ ಪತ್ರ

ಇವರಿಗೆ,
ಕರ್ನಾಟಕದ ಫಿಲಂ ಸೊಸೈಟಿಗಳ ಸಂಚಾಲಕರು, ಚಲನಚಿತ್ರೋತ್ಸವಗಳ ಆಯ್ಕೆ ಸಮಿತಿಗಳ ಸದಸ್ಯರು ಹಾಗೂ ಸಿನಿಮಾ ಅಧ್ಯಯನದ ಅಧ್ಯಾಪಕರು

ವಿಷಯ: ಬ್ರೆಜಿಲ್ ಸಿನಿಮಾದ ಬೆಳವಣಿಗೆಯಲ್ಲಿ ನಟಿ, ನಿರ್ಮಾಪಕಿ ಹಾಗೂ ನಿರ್ದೇಶಕಿ ಕಾರ್ಮೆನ್ ಸಾಂಟೋಸ್ ಅವರಿಗೆ ಸಲ್ಲಬೇಕಾದ ಸ್ಥಾನದ ಬಗ್ಗೆ

ಮಾನ್ಯರೇ,

2025ರ ಮಾರ್ಚ್ ತಿಂಗಳಲ್ಲಿ ವಾಲ್ಟರ್ ಸಾಲೆಸ್ ಅವರ ಚಿತ್ರಕ್ಕೆ ಅತ್ಯುತ್ತಮ ಅಂತರರಾಷ್ಟ್ರೀಯ ಚಿತ್ರದ ಆಸ್ಕರ್ ಬಂತು. ಅದೇ ವರ್ಷ ಕಾನ್ ಚಿತ್ರೋತ್ಸವದಲ್ಲಿ ಕ್ಲೆಬರ್ ಮೆಂಡೋನ್ಸಾ ಫಿಲ್ಯೊ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿಯನ್ನೂ, ಅವರ ಚಿತ್ರದ ನಟ ವಾಗ್ನರ್ ಮೌರಾ ಅತ್ಯುತ್ತಮ ನಟ ಪ್ರಶಸ್ತಿಯನ್ನೂ ಪಡೆದರು. ಇದರಿಂದಾಗಿ ನಮ್ಮಲ್ಲಿಯೂ ಬ್ರೆಜಿಲ್ ಸಿನಿಮಾದ ಬಗ್ಗೆ ಹೊಸ ಕುತೂಹಲ ಹುಟ್ಟಿದೆ. ಪ್ರದರ್ಶನಗಳಿಗೆ ಮೊದಲೆಲ್ಲ ಬಾರದಿದ್ದ ತರುಣ ತರುಣಿಯರು ಈಗ ಬರುತ್ತಿದ್ದಾರೆ, ಪ್ರಶ್ನೆ ಕೇಳುತ್ತಿದ್ದಾರೆ. ದೂರದ ದೇಶವೊಂದರ ಚಿತ್ರಗಳನ್ನು ಅನುಮತಿ ಪಡೆದು, ಸಭಾಂಗಣ ಹೊಂದಿಸಿ, ಪ್ರವೇಶ ಶುಲ್ಕವಿಲ್ಲದೆ ಅಥವಾ ಅಲ್ಪ ಶುಲ್ಕಕ್ಕೆ ತೋರಿಸುತ್ತಿರುವ ತಮ್ಮೆಲ್ಲರ ಶ್ರಮವನ್ನು ನಾನು ಬಲ್ಲೆ. ಆ ಶ್ರಮದ ಮೇಲೆ ಗೌರವ ಇರುವುದರಿಂದಲೇ ಈ ದೂರನ್ನು ಬಹಿರಂಗವಾಗಿ ತಮ್ಮ ಮುಂದಿಡುತ್ತಿದ್ದೇನೆ.

ದೂರು ಇಷ್ಟು. ನಮ್ಮಲ್ಲಿ ಬ್ರೆಜಿಲ್ ಸಿನಿಮಾದ ಚರಿತ್ರೆಯನ್ನು ಹೇಳುವಾಗ 1960ರ ದಶಕದ ಸಿನೆಮಾ ನೋವೊ, ಅಂದರೆ ‘ಹೊಸ ಸಿನಿಮಾ’, ಚಳವಳಿಯಿಂದ ಆರಂಭಿಸುತ್ತೇವೆ. ಅದಕ್ಕೂ ಹಿಂದೆ ಹೋಗಬೇಕೆನಿಸಿದರೆ 1931ರ ‘ಲಿಮಿಟೆ’ ಎಂಬ ಮೂಕಿ ಚಿತ್ರವನ್ನು ಹೆಸರಿಸಿ, ಇಪ್ಪತ್ತೆರಡರ ಪ್ರಾಯದ ಮಾರಿಯೊ ಪೇಶೊಟೊ ಅದನ್ನು ಮಾಡಿದ ವಿಸ್ಮಯವನ್ನು ವರ್ಣಿಸಿ, ಒಂದೇ ನೆಗೆತಕ್ಕೆ ಆ ಚಳವಳಿಯ ನಿರ್ದೇಶಕ ಗ್ಲಾಬರ್ ರೋಶಾ ಅವರ ಬಳಿ ಬಂದು ನಿಲ್ಲುತ್ತೇವೆ. ನಡುವಿನ ಮೂವತ್ತು ವರ್ಷಗಳಲ್ಲಿ ಆ ದೇಶದಲ್ಲಿ ಸಿನಿಮಾ ಹೇಗೆ ಬದುಕಿತು, ಯಾರ ಹಣದಲ್ಲಿ ನಡೆಯಿತು, ಸ್ಟುಡಿಯೊಗಳನ್ನು ಕಟ್ಟಿದವರು ಯಾರು ಎಂಬ ಪ್ರಶ್ನೆಗಳು ಏಳುವುದೇ ಇಲ್ಲ. ಈ ಜಿಗಿತದಲ್ಲಿ ಬಿಟ್ಟುಹೋದವರ ಪೈಕಿ ಕಾರ್ಮೆನ್ ಸಾಂಟೋಸ್ ಅವರಿಗೆ ಆಗಿರುವ ಅನ್ಯಾಯ ಎಲ್ಲಕ್ಕಿಂತ ದೊಡ್ಡದು ಎಂಬುದು ನನ್ನ ಅಭಿಪ್ರಾಯ.

ಕಾಲೇಜಿನಲ್ಲಿ ಇತಿಹಾಸ ಕಲಿಸುವ ನಾನು, ಬಿಡುವಿದ್ದಾಗ ಇಂಥ ಪ್ರದರ್ಶನಗಳಿಗೆ ತಪ್ಪದೆ ಬರುವವರಲ್ಲಿ ಒಬ್ಬ. ಈಚೆಗೆ ಒಂದು ಕಡೆ ‘ಲಿಮಿಟೆ’ಯ ಪ್ರದರ್ಶನವಿತ್ತು. ಚಿತ್ರಕ್ಕೆ ಮೊದಲು ಮಾತನಾಡಿದವರು ನಿರ್ದೇಶಕರ ಬಗ್ಗೆ, ಛಾಯಾಗ್ರಾಹಕ ಎಡ್ಗಾರ್ ಬ್ರೆಜಿಲ್ ಅವರ ಕೈಚಳಕದ ಬಗ್ಗೆ, ದೋಣಿಯಲ್ಲಿ ತೇಲುವ ಮೂವರು ಪಾತ್ರಧಾರಿಗಳ ಬಗ್ಗೆ ಬಹಳ ಚೆನ್ನಾಗಿ ಹೇಳಿದರು. ಚಿತ್ರ ಮುಗಿದ ಮೇಲೆ ವಿದ್ಯಾರ್ಥಿನಿಯೊಬ್ಬಳು ಎದ್ದು, ನಡುವೆ ಸ್ವಲ್ಪ ಹೊತ್ತು ಮಾತ್ರ ಕಾಣಿಸಿಕೊಂಡು ಮರೆಯಾಗುವ ಆ ಇನ್ನೊಬ್ಬ ಹೆಂಗಸು ಯಾರು ಎಂದು ಕೇಳಿದಳು. ಅದೇನೂ ಮುಖ್ಯ ಪಾತ್ರವಲ್ಲ, ಯಾರೋ ಪರಿಚಯದವರು ಬಂದು ನಿಂತಿರಬೇಕು ಎಂಬ ಉತ್ತರ ಬಂತು. ಹಂಚಿದ ಪರಿಚಯ ಪತ್ರದಲ್ಲಿಯೂ ಆಕೆಯ ಹೆಸರಿರಲಿಲ್ಲ. ಉತ್ತರ ಕೊಟ್ಟವರನ್ನು ದೂಷಿಸುವುದು ನನ್ನ ಉದ್ದೇಶವಲ್ಲ. ಅವರು ಓದಿದ ಆಕರಗಳಲ್ಲಿಯೂ ಆ ಹೆಸರು ಅಡಿಟಿಪ್ಪಣಿಯಲ್ಲಿಯೇ ಇದ್ದಿರಬಹುದು. ಆದರೆ ಆ ಹೊತ್ತಿಗಾಗಲೇ ಹನ್ನೆರಡು ವರ್ಷಗಳಿಂದ ಸಿನಿಮಾದಲ್ಲಿದ್ದ, ಚಿತ್ರಗಳಿಗೆ ಹಣ ಹೂಡಿದ್ದ, ಮುಂದೆ ಸ್ವಂತ ಸ್ಟುಡಿಯೊವನ್ನೇ ಕಟ್ಟಿದ ಕಲಾವಿದೆಯನ್ನು ‘ಯಾರೋ’ ಎಂದು ಕರೆದು ಸಭೆ ಮುಗಿಸಿದಾಗ ನನಗೆ ಸುಮ್ಮನಿರಲು ಆಗಲಿಲ್ಲ.

ಅವರು ಯಾರೆಂಬುದನ್ನು ಇಲ್ಲಿ ಸ್ವಲ್ಪ ವಿಸ್ತಾರವಾಗಿ ಹೇಳಲು ಅನುಮತಿ ಕೊಡಬೇಕು.

ಕಾರ್ಮೆನ್ ಹುಟ್ಟಿದ್ದು 1904ರಲ್ಲಿ, ಪೋರ್ಚುಗಲ್ಲಿನ ವಿಲಾ ಫ್ಲೋರ್ ಎಂಬ ಊರಿನಲ್ಲಿ. ಎಂಟು ವರ್ಷದ ಹುಡುಗಿಯಾಗಿದ್ದಾಗ ಕುಟುಂಬ ಬದುಕು ಹುಡುಕಿಕೊಂಡು ಬ್ರೆಜಿಲಿಗೆ ವಲಸೆ ಬಂತು. ಹೆಚ್ಚು ಓದಲು ಅವಕಾಶವಾಗದೆ ರಿಯೊ ಡಿ ಜನೈರೊ ನಗರದಲ್ಲಿ ಚಿಕ್ಕ ವಯಸ್ಸಿನಲ್ಲೇ ದುಡಿಮೆಗೆ ಸೇರಿದರು. 1919ರಲ್ಲಿ, ಹದಿನೈದರ ಪ್ರಾಯದಲ್ಲಿ, ‘ಉರುತಾವು’ ಎಂಬ ಚಿತ್ರಕ್ಕೆ ನಾಯಕಿಯಾಗಿ ಆಯ್ಕೆಯಾದರು. ಆ ಚಿತ್ರ ಚಿತ್ರಮಂದಿರಗಳಲ್ಲಿ ಬಿಡುಗಡೆಯಾಗಲೇ ಇಲ್ಲ. ಅವರು ಎದೆಗುಂದಲಿಲ್ಲ; 1920ರ ದಶಕದ ನಡುವಿನಲ್ಲಿ ತಮ್ಮದೇ ನಿರ್ಮಾಣ ಸಂಸ್ಥೆ ಆರಂಭಿಸಿ, ಪ್ರಸಿದ್ಧ ಕಾದಂಬರಿಗಳನ್ನು ಆಧರಿಸಿ ಎರಡು ಚಿತ್ರಗಳಿಗೆ ಕೈಹಾಕಿದರು. ಅವೂ ಪ್ರೇಕ್ಷಕರನ್ನು ತಲುಪಲಿಲ್ಲ. ಹೀಗಾಗಿ ಸಿನಿಮಾ ಚರಿತ್ರೆಯಲ್ಲೇ ಅಪರೂಪವಾದ ಸ್ಥಿತಿಯೊಂದು ಉಂಟಾಯಿತು: ಪತ್ರಿಕೆಗಳಲ್ಲಿ ಅವರ ಭಾವಚಿತ್ರಗಳು ಮತ್ತೆಮತ್ತೆ ಅಚ್ಚಾಗುತ್ತಿದ್ದವು, ಓದುಗರು ಅವರನ್ನು ತಾರೆ ಎಂದೇ ಗುರುತಿಸುತ್ತಿದ್ದರು, ಆದರೆ ತೆರೆಯ ಮೇಲೆ ಅವರ ನಟನೆಯನ್ನು ಕಂಡವರು ಇರಲೇ ಇಲ್ಲವೆನ್ನಬಹುದು. ಈ ಸಂಗತಿಯನ್ನು ಕೆಲವರು ತಮಾಷೆಯಾಗಿ ಹೇಳುವುದುಂಟು. ನನಗೆ ಇದರಲ್ಲಿ ಕಾಣುವುದು ಆ ಕಾಲದ ಬ್ರೆಜಿಲ್ ಸಿನಿಮಾದ ನಿಜಸ್ಥಿತಿ. ಚಿತ್ರಮಂದಿರಗಳನ್ನು ಅಮೆರಿಕದ ಚಿತ್ರಗಳು ಆಕ್ರಮಿಸಿದ್ದವು. ಸ್ಥಳೀಯ ಚಿತ್ರವೊಂದು ಪೂರ್ಣಗೊಂಡರೂ ಅದನ್ನು ತೆರೆಗೆ ತರುವ ಹಂಚಿಕೆದಾರ ಸಿಗುತ್ತಿರಲಿಲ್ಲ. ಸತತವಾಗಿ ಮೂರು ಚಿತ್ರಗಳು ಹೀಗೆ ಹೋದ ಮೇಲೆಯೂ ಒಬ್ಬ ತರುಣಿ ಆ ಕ್ಷೇತ್ರವನ್ನು ಬಿಡದೆ ನಿಂತರು ಎಂಬುದನ್ನು ನಾವು ಮೊದಲು ಗಮನಿಸಬೇಕು.

ಆ ದಶಕದ ಕೊನೆಯಲ್ಲಿ ಮಿನಾಸ್ ಜೆರೈಸ್ ರಾಜ್ಯದ ಕಟಾಗ್ವಾಜಿಸ್ ಎಂಬ ಸಣ್ಣ ಪಟ್ಟಣದಲ್ಲಿ ಉಂಬೆರ್ತೊ ಮೌರೊ ಎಂಬ ತರುಣರು ಸ್ಥಳೀಯ ವ್ಯಾಪಾರಿಗಳ ನೆರವಿನಿಂದ ಚಿತ್ರಗಳನ್ನು ಮಾಡುತ್ತಿದ್ದರು. ಮನೆಬಳಕೆಯ ಪಾತೆ ಬೇಬಿ ಕ್ಯಾಮೆರಾದಿಂದ 1925ರಲ್ಲಿ ಶುರುವಾದ ಅವರ ಪ್ರಯೋಗ ಮೂರ್ನಾಲ್ಕು ವರ್ಷಗಳಲ್ಲಿ ಪೂರ್ಣಪ್ರಮಾಣದ ಕಥಾಚಿತ್ರಗಳಿಗೆ ಬೆಳೆದಿತ್ತು. 1929ರ ‘ಸಾಂಗೆ ಮಿನೇರೊ’ ಆ ಪಟ್ಟಣದಲ್ಲಿ ಅವರು ಮಾಡಿದ ಕೊನೆಯ ಕಥಾಚಿತ್ರ. ಅದರ ನಾಯಕಿ ಕಾರ್ಮೆನ್ ಸಾಂಟೋಸ್. ನಿರ್ಮಾಣದಲ್ಲಿಯೂ ಅವರ ಪಾಲಿತ್ತು. ಛಾಯಾಗ್ರಹಣ ಎಡ್ಗಾರ್ ಬ್ರೆಜಿಲ್ ಅವರದು. ಹತ್ತು ವರ್ಷಗಳ ಕಾಯುವಿಕೆಯ ನಂತರ ಜನ ಅವರನ್ನು ತೆರೆಯ ಮೇಲೆ ನೋಡಿದ್ದು ಈ ಚಿತ್ರದಲ್ಲಿ. ಅದೃಷ್ಟವಶಾತ್ ಅದು ಉಳಿದುಬಂದಿದೆ. ಆ ಚಿತ್ರದಲ್ಲಿ ಅವರ ನಟನೆ ಮೂಕಿ ಯುಗದ ಅತಿರೇಕಗಳಿಂದ ಬಹುಮಟ್ಟಿಗೆ ದೂರವಿದೆ. ಮೌರೊ ಮುಂದೆ ಬ್ರೆಜಿಲ್ ಸಿನಿಮಾದ ಪಿತಾಮಹ ಎನಿಸಿಕೊಂಡರು. 1963ರಲ್ಲಿ ಗ್ಲಾಬರ್ ರೋಶಾ ತಮ್ಮ ದೇಶದ ಚಿತ್ರಪರಂಪರೆಯನ್ನು ಮರುಪರಿಶೀಲಿಸಿ ಬರೆದಾಗ ಸಿನೆಮಾ ನೋವೊದ ಪೂರ್ವಜರಾಗಿ ಎತ್ತಿ ಹಿಡಿದದ್ದು ಮೌರೊ ಅವರನ್ನೇ. ಆ ಪೂರ್ವಜರ ಕೆಲಸಕ್ಕೆ ಎರಡು ನಿರ್ಣಾಯಕ ಘಟ್ಟಗಳಲ್ಲಿ ಆಸರೆಯಾದವರು ಕಾರ್ಮೆನ್ ಎಂಬ ಮಾತು ಮಾತ್ರ ನಮ್ಮ ಪರಿಚಯ ಭಾಷಣಗಳಲ್ಲಿ ಬರುವುದಿಲ್ಲ.

‘ಲಿಮಿಟೆ’ಯ ವಿಚಾರಕ್ಕೆ ಬಂದರೆ, ಅದರಲ್ಲಿ ಅವರದು ಚಿಕ್ಕ ಪಾತ್ರವೇ ಸರಿ. 1931ರ ಮೇ 17ರಂದು ರಿಯೊದ ಕಾಪಿಟೋಲಿಯೊ ಚಿತ್ರಮಂದಿರದಲ್ಲಿ ಚಾಪ್ಲಿನ್ ಕ್ಲಬ್ ಎಂಬ ಸಂಘ ಏರ್ಪಡಿಸಿದ ಪ್ರದರ್ಶನದಲ್ಲಿ ಚಿತ್ರ ಮೊದಲಿಗೆ ತೆರೆಕಂಡಿತು. ವಾಣಿಜ್ಯ ಬಿಡುಗಡೆ ಅದಕ್ಕೆ ಸಿಗಲಿಲ್ಲ. ಹಂಚಿಕೆದಾರರು ಮುಖ ತಿರುಗಿಸಿದ ಆ ಹೊತ್ತಿನಲ್ಲಿ ಪೇಶೊಟೊ ಅವರ ಮುಂದಿನ ಚಿತ್ರಕ್ಕೆ ಹಣ ಹಾಕಲು ಮುಂದೆ ಬಂದವರು ಕಾರ್ಮೆನ್. ಮರಂಬಾಯಾ ಎಂಬ ಕಡಲಂಚಿನ ಮರಳುದಿಬ್ಬದಲ್ಲಿ ‘ಓಂಡೆ ಆ ಟೆರಾ ಅಕಾಬಾ’, ಅಂದರೆ ‘ನೆಲ ಮುಗಿಯುವಲ್ಲಿ’ ಎಂಬ ಚಿತ್ರದ ಚಿತ್ರೀಕರಣ ಶುರುವಾಯಿತು. ನಾಯಕಿಯೂ ಅವರೇ. ನಿರ್ದೇಶಕರಿಗೂ ನಿರ್ಮಾಪಕಿಗೂ ಮನಸ್ತಾಪ ಬೆಳೆದು ಕೆಲಸ ಅರ್ಧಕ್ಕೆ ನಿಂತಿತು. ನಂತರ ಅದೇ ಶೀರ್ಷಿಕೆಯಲ್ಲಿ ಬೇರೊಂದು ಕಥೆಯನ್ನು ಒಕ್ಟಾವಿಯೊ ಗಾಬುಸ್ ಮೆಂಡೆಸ್ ಅವರ ನಿರ್ದೇಶನದಲ್ಲಿ ಕಾರ್ಮೆನ್ ಪೂರ್ಣಗೊಳಿಸಿ 1933ರಲ್ಲಿ ಬಿಡುಗಡೆ ಮಾಡಿದರು. ಈ ಪ್ರಸಂಗವನ್ನು ಹೇಳುವವರು ಸಾಮಾನ್ಯವಾಗಿ ಪೇಶೊಟೊ ಅವರ ಕಡೆ ನಿಂತು, ಪ್ರತಿಭಾವಂತನ ಎರಡನೆಯ ಚಿತ್ರ ನಿರ್ಮಾಪಕಿಯ ಹಟದಿಂದ ಹಾಳಾಯಿತು ಎಂಬ ಧಾಟಿಯಲ್ಲಿ ಹೇಳುತ್ತಾರೆ. ಹಣ ಹೂಡಿ, ದೂರದ ದಿಬ್ಬದಲ್ಲಿ ತಂಡವನ್ನು ಸಾಕಿ, ನಟಿಸಿ, ಕೊನೆಗೆ ಚಿತ್ರವಿಲ್ಲದೆ ಮರಳಿದವರ ನಷ್ಟವನ್ನೂ ಅದೇ ತಕ್ಕಡಿಯಲ್ಲಿ ಇಟ್ಟು ತೂಗಬೇಡವೇ? ಜಗಳದಲ್ಲಿ ತಪ್ಪು ಯಾರದೆಂದು ತೀರ್ಮಾನಿಸಲು ನಾನು ಹೊರಟಿಲ್ಲ. ಒಂದೇ ಕಡೆಯ ವಾದವನ್ನು ಇತಿಹಾಸವೆಂದು ವಿದ್ಯಾರ್ಥಿಗಳಿಗೆ ಒಪ್ಪಿಸಬಾರದು ಎಂಬುದಷ್ಟೇ ನನ್ನ ಮಾತು.

ಇನ್ನು ಅವರ ಜೀವನದ ಮುಖ್ಯ ಭಾಗ. ಟಾಕಿ ಚಿತ್ರಗಳು ಬಂದಾಗ ಬ್ರೆಜಿಲಿನ ಸಣ್ಣ ಪಟ್ಟಣಗಳಲ್ಲಿ ನಡೆಯುತ್ತಿದ್ದ ಚಿತ್ರ ತಯಾರಿಕೆ ಬಹುತೇಕ ನಿಂತುಹೋಯಿತು. ಧ್ವನಿಯ ಯಂತ್ರಗಳ ವೆಚ್ಚ, ಧ್ವನಿ ನಿರೋಧಕ ಸ್ಟುಡಿಯೊ, ತರಬೇತಾದ ತಂತ್ರಜ್ಞರು, ಇವು ಯಾವುವೂ ಊರಿನ ವ್ಯಾಪಾರಿಗಳ ಚಂದಾ ಹಣದಿಂದ ಆಗುವ ಕೆಲಸಗಳಲ್ಲ. ರಿಯೊದಲ್ಲಿ ಆಡೆಮಾರ್ ಗೊನ್ಸಾಗಾ 1930ರಲ್ಲಿ ಸಿನೇಡಿಯಾ ಸ್ಟುಡಿಯೊ ತೆರೆದರು. 1933ರಲ್ಲಿ ಕಾರ್ಮೆನ್ ಬ್ರೆಜಿಲ್ ವಾಕ್ಸ್ ಫಿಲ್ಮ್ ಎಂಬ ಸಂಸ್ಥೆ ಸ್ಥಾಪಿಸಿದರು. ಈ ಹೆಸರು ತಮ್ಮ ಹೆಸರಿಗೆ ತೀರ ಹತ್ತಿರವಾಯಿತೆಂದು ಅಮೆರಿಕದ ಫಾಕ್ಸ್ ಕಂಪನಿ ಆಕ್ಷೇಪಿಸಿದ್ದರಿಂದ 1935ರಲ್ಲಿ ಅದು ಬ್ರೆಜಿಲ್ ವೀಟಾ ಫಿಲ್ಮ್ ಆಯಿತು. ರಿಯೊದ ಟಿಜುಕಾ ಬಡಾವಣೆಯಲ್ಲಿ ಅವರ ಸ್ಟುಡಿಯೊ ಎದ್ದಿತು. ಸಿನೇಡಿಯಾದಿಂದ ಹೊರಬಂದಿದ್ದ ಉಂಬೆರ್ತೊ ಮೌರೊ ಅವರಿಗೆ ಮತ್ತೆ ಕೆಲಸ ಮಾಡಲು ನೆಲೆ ಸಿಕ್ಕಿದ್ದು ಅಲ್ಲಿಯೇ. ಎಡ್ಗಾರ್ ಬ್ರೆಜಿಲ್ ಕೂಡ ಅವರ ತಂಡದಲ್ಲಿ ದುಡಿದರು.

ಆ ಸಂಸ್ಥೆಯ ಮೊದಲ ದೊಡ್ಡ ಚಿತ್ರ 1935ರ ‘ಫವೆಲಾ ದೊಸ್ ಮೆವ್ಸ್ ಅಮೋರಿಸ್’. ಗುಡ್ಡದ ಮೇಲಿನ ಫವೆಲಾದಲ್ಲಿ, ಅಂದರೆ ಬಡವರ ಕೊಳೆಗೇರಿಯಲ್ಲಿ, ನಡೆಯುವ ಕಥೆ. ಶಿಕ್ಷಕಿಯ ಪಾತ್ರದಲ್ಲಿ ಕಾರ್ಮೆನ್, ಜೊತೆಗೆ ಗಾಯಕ ಸಿಲ್ವಿಯೊ ಕಾಲ್ಡಾಸ್. ಕ್ಯಾಮೆರಾವನ್ನು ಸ್ಟುಡಿಯೊದಿಂದ ಹೊರತಂದು ಗುಡ್ಡ ಹತ್ತಿಸಿ, ಅಲ್ಲಿನ ನಿವಾಸಿಗಳನ್ನೂ ಸಾಂಬಾ ಕಲಾವಿದರನ್ನೂ ತೆರೆಗೆ ತಂದ ಚಿತ್ರ ಅದು. ಆ ಕಾಲದಲ್ಲಿ ಇದೆಷ್ಟು ದಿಟ್ಟ ಕೆಲಸವೆಂಬುದನ್ನು ತಿಳಿಯಲು ಆಗಿನ ಪ್ರಭಾವಶಾಲಿ ಸಿನಿಮಾ ಪತ್ರಿಕೆಗಳ ನಿಲುವನ್ನು ನೆನೆಯಬೇಕು. 1926ರಿಂದ ಹೊರಬರುತ್ತಿದ್ದ ‘ಸಿನೆಆರ್ಟೆ’ಯ ಬಳಗ ದೇಶೀ ಸಿನಿಮಾಕ್ಕಾಗಿ ಬಹಳ ಹೋರಾಡಿತು, ಅದನ್ನು ಒಪ್ಪಬೇಕು, ಆದರೆ ತೆರೆಯ ಮೇಲೆ ಬ್ರೆಜಿಲ್ ಆಧುನಿಕವಾಗಿ, ಸಿರಿವಂತವಾಗಿ, ಬಿಳಿಯರ ನಾಡಾಗಿ ಕಾಣಬೇಕು, ಬಡತನವಾಗಲಿ ಕಪ್ಪು ಜನರಾಗಲಿ ಎದ್ದು ತೋರಬಾರದು ಎಂಬ ಆಗ್ರಹವೂ ಅದಕ್ಕಿತ್ತು. ಅದೇ ಪತ್ರಿಕೆಗಳ ಮುಖಪುಟಗಳಿಂದ ತಾರೆಯಾದ ನಟಿಯೇ ಫವೆಲಾದ ಬದುಕನ್ನು ಕಥಾಚಿತ್ರದ ಕೇಂದ್ರಕ್ಕೆ ತಂದರು. ಚಿತ್ರ ಜನಪ್ರಿಯವೂ ಆಯಿತು. ನಿರ್ದೇಶಕ ನೆಲ್ಸನ್ ಪೆರೇರಾ ದೊಸ್ ಸಾಂಟೋಸ್ 1955ರಲ್ಲಿ ರಿಯೊದ ಫವೆಲಾ ಹುಡುಗರನ್ನು ತೆರೆಗೆ ತಂದದ್ದನ್ನು ನಾವು ಹೊಸ ಯುಗದ ಉದಯ ಎಂದು ಕಲಿಸುತ್ತೇವೆ. ಅದಕ್ಕೆ ಇಪ್ಪತ್ತು ವರ್ಷ ಮೊದಲೇ ಆ ಗುಡ್ಡ ಹತ್ತಿದ ತಂಡವನ್ನು ಮರೆತು ಕಲಿಸುತ್ತೇವೆ.

1936ರಲ್ಲಿ ನೊಯೆಲ್ ರೋಸಾ ಅವರ ಹಾಡುಗಳಿದ್ದ ‘ಸಿಡಾಡೆ ಮುಲ್ಯೇರ್’ ಬಂತು. 1942ರಲ್ಲಿ ‘ಆರ್ಜಿಲಾ’ ತೆರೆಕಂಡಿತು. ಅಮೆಜಾನ್ ನದೀಮುಖದ ಮರಾಜೊ ದ್ವೀಪದ ಪ್ರಾಚೀನ ಕುಂಬಾರಿಕೆಯ ವಿನ್ಯಾಸಗಳಿಗೆ ಮರುಜೀವ ಕೊಡಬೇಕೆಂದು ಹಂಬಲಿಸುವ ಶ್ರೀಮಂತ ವಿಧವೆ ಮತ್ತು ಒಬ್ಬ ಕುಶಲಕರ್ಮಿಯ ನಡುವಿನ ಒಲವಿನ ಚಿತ್ರ ಅದು. ಇಲ್ಲಿಯೂ ನಿರ್ದೇಶನ ಮೌರೊ ಅವರದು, ನಿರ್ಮಾಣ ಮತ್ತು ಮುಖ್ಯಪಾತ್ರ ಕಾರ್ಮೆನ್ ಅವರದು. ಕಲೆಗೆ ಹಣ ಸುರಿಯುವ ಹೆಣ್ಣಿನ ಪಾತ್ರವನ್ನು ಅವರು ಎಷ್ಟು ಘನತೆಯಿಂದ, ಅನುಕಂಪ ಬೇಡದೆ ನಿರ್ವಹಿಸಿದ್ದಾರೆ ಎಂಬುದನ್ನು ನೋಡಿದವರು ಬಲ್ಲರು.

ಅವರ ಕೊನೆಯ ದೊಡ್ಡ ಸಾಹಸ ‘ಇನ್‌ಕಾನ್ಫಿಡೆನ್ಸಿಯಾ ಮಿನೇರಾ’. 1789ರಲ್ಲಿ ಪೋರ್ಚುಗೀಸ್ ಆಳ್ವಿಕೆಯ ವಿರುದ್ಧ ವಿಲಾ ರಿಕಾ ಪಟ್ಟಣದಲ್ಲಿ, ಅಂದರೆ ಇಂದಿನ ಓರೊ ಪ್ರೆಟೊದಲ್ಲಿ, ನಡೆದ ಒಳಸಂಚು ಮತ್ತು 1792ರ ಏಪ್ರಿಲ್ 21ರಂದು ಗಲ್ಲಿಗೇರಿದ ಟಿರಾಡೆಂಟಿಸ್ ಅವರ ಕಥೆಯನ್ನು ತೆರೆಗೆ ತರಲು ಕಾರ್ಮೆನ್ ಸುಮಾರು ಹತ್ತು ವರ್ಷ ತೆತ್ತರು. ಯುದ್ಧಕಾಲದಲ್ಲಿ ಕಚ್ಚಾ ಫಿಲ್ಮ್ ದೊರಕುವುದೇ ಕಷ್ಟವಾಗಿತ್ತು; ಹಣ ಕರಗುತ್ತಿತ್ತು; ಕೆಲಸ ಮತ್ತೆಮತ್ತೆ ನಿಲ್ಲುತ್ತಿತ್ತು. ಕೊನೆಗೆ ನಿರ್ಮಾಣ, ನಿರ್ದೇಶನ ಎರಡನ್ನೂ ತಾವೇ ವಹಿಸಿಕೊಂಡು, ಸಂಚುಗಾರರಲ್ಲೊಬ್ಬರ ಪತ್ನಿ ಬಾರ್ಬರಾ ಎಲಿಯೊಡೋರಾ ಪಾತ್ರದಲ್ಲಿ ತಾವೇ ನಟಿಸಿ, 1948ರಲ್ಲಿ ಚಿತ್ರವನ್ನು ಬಿಡುಗಡೆ ಮಾಡಿದರು. ಅದಕ್ಕೂ ಮೊದಲು ಬ್ರೆಜಿಲಿನಲ್ಲಿ ಕಥಾಚಿತ್ರ ನಿರ್ದೇಶಿಸಿದ ಮಹಿಳೆಯರು ಬೆರಳೆಣಿಕೆಯಷ್ಟು: 1931ರಲ್ಲಿ ಕ್ಲಿಯೊ ದೆ ವೆರ್ಬೆರೇನಾ, 1946ರಲ್ಲಿ ಜಿಲ್ಡಾ ದೆ ಅಬ್ರೆವು. ಕಾರ್ಮೆನ್ ಅವರ ಚಿತ್ರ ಗಲ್ಲಾಪೆಟ್ಟಿಗೆಯಲ್ಲಿ ಸೋತಿತು. ನಾಲ್ಕು ವರ್ಷಗಳ ನಂತರ, 1952ರ ಸೆಪ್ಟೆಂಬರಿನಲ್ಲಿ, ನಲವತ್ತೆಂಟರ ಪ್ರಾಯದಲ್ಲಿ ಅವರು ತೀರಿಕೊಂಡರು.

ಮಾನ್ಯರೇ, ಈ ವಿಚಾರವನ್ನು ಕೆಲವು ಹಿರಿಯರೊಡನೆ ಪ್ರಸ್ತಾಪಿಸಿದಾಗ ಬಂದ ಆಕ್ಷೇಪಗಳಿಗೆ ಇಲ್ಲಿಯೇ ಉತ್ತರ ಕೊಡಬಯಸುತ್ತೇನೆ. ಆಕೆ ಸಿರಿವಂತ ಉದ್ಯಮಿಯೊಬ್ಬರ ಸಂಗಾತಿ, ಅವರ ಹಣವನ್ನು ತನ್ನ ಮುಖ ತೆರೆಯ ಮೇಲೆ ಕಾಣಿಸಲು ಖರ್ಚು ಮಾಡಿದಳು, ಅದರಲ್ಲಿ ಸಾಧನೆಯೇನು ಎಂಬುದು ಮೊದಲ ಆಕ್ಷೇಪ. ಜವಳಿ ಉದ್ಯಮದ ಕುಟುಂಬಕ್ಕೆ ಸೇರಿದ ಆಂಟೋನಿಯೊ ಸಿಯಾಬ್ರಾ ಅವರ ಬೆಂಬಲ ಕಾರ್ಮೆನ್ ಅವರಿಗೆ ಇದ್ದದ್ದು ನಿಜ. ಆದರೆ 1949ರಲ್ಲಿ ಸಾವೊ ಪಾವ್ಲೊ ಬಳಿ ವೇರಾ ಕ್ರೂಜ್ ಸ್ಟುಡಿಯೊ ಎದ್ದದ್ದೂ ಉದ್ಯಮಿಗಳ ಹಣದಿಂದಲೇ. ಅದನ್ನು ಕಟ್ಟಿದ ಫ್ರಾಂಕೊ ಜಾಂಪಾರಿ ಅವರ ಹಣದ ಮೂಲ ಯಾವುದು, ಅವರಿಗೆ ಪ್ರಚಾರದ ಹಂಬಲವಿತ್ತೇ ಎಂದು ಯಾರೂ ಮೂದಲಿಸುವುದಿಲ್ಲ. ವೇರಾ ಕ್ರೂಜ್ 1954ರ ಹೊತ್ತಿಗೆ ದಿವಾಳಿಯಾಯಿತು, ಆದರೂ ಪಠ್ಯಗಳಲ್ಲಿ ಅದಕ್ಕೊಂದು ಅಧ್ಯಾಯವಿದೆ. ಹತ್ತೊಂಬತ್ತು ವರ್ಷ ತನ್ನ ಸಂಸ್ಥೆಯನ್ನು ನಡೆಸಿಕೊಂಡು ಬಂದ ಹೆಂಗಸಿಗೆ ಒಂದು ಪುಟವೂ ಇಲ್ಲವೆಂದರೆ ಅಳೆಯುವ ಕೋಲೇ ಬೇರೆಯಾಗಿದೆ ಎಂದಾಯಿತು. ಹಣವಿದ್ದವರು ರಿಯೊದಲ್ಲಿ ಸಾವಿರಾರು ಮಂದಿ ಇದ್ದರು; ಅದನ್ನು ದೇಶೀ ಚಿತ್ರಕ್ಕೆ, ಮತ್ತೆಮತ್ತೆ ನಷ್ಟವಾದ ಮೇಲೆಯೂ, ಹೂಡುವ ಮನಸ್ಸು ಮಾಡಿದವರು ವಿರಳ.

ಅವರ ಕೆಲಸ ತಮ್ಮ ಚಿತ್ರಗಳಿಗೆ ಸೀಮಿತವಾಗಿತ್ತೆಂಬುದೂ ಸರಿಯಲ್ಲ. 1932ರ ಏಪ್ರಿಲ್‌ನಲ್ಲಿ, ಆಗ ದೇಶವನ್ನು ಆಳುತ್ತಿದ್ದ ಗೆಟುಲಿಯೊ ವರ್ಗಾಸ್ ಅವರ ಸರ್ಕಾರ ಆಜ್ಞೆಯೊಂದನ್ನು ಹೊರಡಿಸಿ ಸೆನ್ಸಾರ್ ವ್ಯವಸ್ಥೆಯನ್ನು ಕೇಂದ್ರದ ಕೈಗೆ ತಂದುಕೊಂಡಿತು, ಕಚ್ಚಾ ಫಿಲ್ಮಿನ ಆಮದು ಸುಂಕ ಇಳಿಸಿತು, ಚಿತ್ರಮಂದಿರಗಳಲ್ಲಿ ದೇಶೀ ಕಿರುಚಿತ್ರಗಳ ಪ್ರದರ್ಶನವನ್ನು ಕಡ್ಡಾಯಗೊಳಿಸುವ ದಾರಿ ತೆರೆಯಿತು. 1939ರ ಕೊನೆಯಲ್ಲಿ ಪ್ರತಿ ಚಿತ್ರಮಂದಿರವೂ ವರ್ಷಕ್ಕೆ ಕನಿಷ್ಠ ಒಂದು ದೇಶೀ ಕಥಾಚಿತ್ರ ತೋರಿಸಬೇಕೆಂಬ ನಿಯಮ ಬಂತು. ಇಂಥ ರಕ್ಷಣೆಗಾಗಿ ಒಗ್ಗೂಡಿ ಒತ್ತಾಯಿಸಿದ ನಿರ್ಮಾಪಕರ ನಡುವೆ ಕಾರ್ಮೆನ್ ಅವರ ದನಿಯೂ ಇತ್ತು. ದೇಶೀ ಚಿತ್ರಕ್ಕೆ ತೆರೆಯಲ್ಲಿ ಪಾಲು ಮೀಸಲಿಡುವ ಈ ನೀತಿ ನಾನಾ ರೂಪಗಳಲ್ಲಿ ಬ್ರೆಜಿಲಿನಲ್ಲಿ ಮುಂದುವರಿದು ಇಂದಿಗೂ ಚರ್ಚೆಯಲ್ಲಿದೆ. ಸಿನಿಮಾ ಬೆಳೆಯುವುದು ನಿರ್ದೇಶಕರ ಕನಸುಗಳಿಂದ ಮಾತ್ರ ಎಂದು ತಿಳಿದವರಿಗೆ ಈ ಪುಟಗಳು ಒಣ ಕಾನೂನಾಗಿ ಕಾಣಬಹುದು. ನನ್ನ ಮಟ್ಟಿಗೆ ಇವೇ ಆ ಚರಿತ್ರೆಯ ಜೀವಾಳ.

ಎರಡನೆಯ ಆಕ್ಷೇಪಕ್ಕೆ ಹೆಚ್ಚು ತೂಕವಿದೆ. ಚಿತ್ರಗಳೇ ಉಳಿದಿಲ್ಲದಿರುವಾಗ ಏನನ್ನು ತೋರಿಸುವುದು, ಏನನ್ನು ಕಲಿಸುವುದು ಎಂದು ಕೇಳುತ್ತಾರೆ. ‘ಫವೆಲಾ ದೊಸ್ ಮೆವ್ಸ್ ಅಮೋರಿಸ್’ ಮತ್ತು ‘ಸಿಡಾಡೆ ಮುಲ್ಯೇರ್’ ಇಂದು ಲಭ್ಯವಿಲ್ಲ. ‘ಇನ್‌ಕಾನ್ಫಿಡೆನ್ಸಿಯಾ ಮಿನೇರಾ’ದ ತುಣುಕುಗಳಷ್ಟೇ ಉಳಿದಿವೆ. ಆದರೆ ಯಾವ ಚಿತ್ರ ಉಳಿಯುತ್ತದೆ, ಯಾವುದು ಅಳಿಯುತ್ತದೆ ಎಂಬುದು ಗುಣದ ಮೇಲೆ ಮಾತ್ರ ನಿಂತ ಸಂಗತಿಯಲ್ಲ. ‘ಲಿಮಿಟೆ’ಯ ನೈಟ್ರೇಟ್ ಫಿಲ್ಮ್ ಕೊಳೆಯತೊಡಗಿದಾಗ ಪ್ಲಿನಿಯೊ ಸ್ಯುಸೆಕಿಂಡ್ ರೋಶಾ ಮತ್ತು ಅವರ ಶಿಷ್ಯ ಸಾವುಲೊ ಪೆರೇರಾ ದೆ ಮೆಲೊ ಅದನ್ನು ಉಳಿಸಲು ಟೊಂಕ ಕಟ್ಟಿ ನಿಂತರು, 1959ರಿಂದ ಮರೆಯಾಗಿದ್ದ ಚಿತ್ರ ಸುಮಾರು ಎರಡು ದಶಕಗಳ ನಂತರ ಮತ್ತೆ ಬೆಳಕು ಕಂಡಿತು. ಅಂಥವರು ಇದ್ದುದರಿಂದಲೇ 2015ರಲ್ಲಿ ಬ್ರೆಜಿಲಿನ ಚಿತ್ರ ವಿಮರ್ಶಕರ ಸಂಘ ನೂರು ಶ್ರೇಷ್ಠ ಚಿತ್ರಗಳನ್ನು ಆರಿಸಿದಾಗ ಅದಕ್ಕೆ ಮೊದಲ ಸ್ಥಾನ ಸಿಗಲು ಸಾಧ್ಯವಾಯಿತು. ಫವೆಲಾದ ಚಿತ್ರಕ್ಕೆ ಅಂಥ ಕಾವಲುಗಾರರು ದೊರೆಯಲಿಲ್ಲ. ಕಳೆದುಹೋದದ್ದನ್ನು ಕಳೆದುಹೋಗಿದೆ ಎಂದು ಹೇಳುವುದೂ ಇತಿಹಾಸ ಬೋಧನೆಯ ಭಾಗ. ಸಾಕ್ಷ್ಯವಾಗಿ ಸ್ಥಿರಚಿತ್ರಗಳಿವೆ, ಆ ಕಾಲದ ಪತ್ರಿಕೆಗಳ ವಿಮರ್ಶೆಗಳಿವೆ, ಹಾಡುಗಳಿವೆ, ಬ್ರೆಜಿಲಿನ ಸಂಶೋಧಕರು ಬರೆದ ಅಧ್ಯಯನಗಳಿವೆ. ನಮ್ಮ ಮೊದಲ ಟಾಕಿ, 1934ರ ‘ಸತಿ ಸುಲೋಚನ’ದ ಪ್ರಿಂಟ್ ಇಲ್ಲವೆಂದು ಅದನ್ನು ಕನ್ನಡ ಸಿನಿಮಾ ಚರಿತ್ರೆಯಿಂದ ಯಾರೂ ಕೈಬಿಟ್ಟಿಲ್ಲ, ಅದೇ ನ್ಯಾಯವನ್ನು ಇಲ್ಲಿಯೂ ಪಾಲಿಸಬಹುದು.

ಉಳಿದಿರುವುದೂ ಕ್ಷೇಮವಾಗಿಲ್ಲ ಎಂಬ ಆತಂಕ ನನ್ನನ್ನು ಈ ಪತ್ರಕ್ಕೆ ದೂಡಿದ ಇನ್ನೊಂದು ಕಾರಣ. ಸಾವೊ ಪಾವ್ಲೊದ ಸಿನೆಮಾಟೆಕಾ ಬ್ರೆಜಿಲೇರಾ ಆ ದೇಶದ ಬಹುದೊಡ್ಡ ಚಿತ್ರ ಭಂಡಾರ. 1957, 1969, 1982 ಮತ್ತು 2016ರಲ್ಲಿ ಅಲ್ಲಿ ಬೆಂಕಿ ಅನಾಹುತಗಳಾದವು. 2020ರಲ್ಲಿ ನಿರ್ವಹಣೆಯ ಬಿಕ್ಕಟ್ಟಿನಿಂದ ಸಿಬ್ಬಂದಿ ಕೆಲಸ ಕಳೆದುಕೊಂಡರು, ಪರಿಣತರಿಲ್ಲದೆ ಭಂಡಾರದ ಬಾಗಿಲು ಮುಚ್ಚಿತು. ಅಪಾಯದ ಬಗ್ಗೆ ಎಚ್ಚರಿಕೆಗಳು ಕೇಳಿಬರುತ್ತಿರುವಾಗಲೇ 2021ರ ಜುಲೈ 29ರಂದು ಅದರ ಒಂದು ಉಗ್ರಾಣ ಹೊತ್ತಿ ಉರಿಯಿತು. ಸಂಸ್ಥೆ ಮರುವರ್ಷ ಮತ್ತೆ ತೆರೆದಿದೆ. ಇಂಥ ಭಂಡಾರಗಳಿಗೆ ಹೊರದೇಶಗಳಿಂದ ಬರುವ ಪ್ರತಿಯೊಂದು ಕೋರಿಕೆಯೂ ಆ ಚಿತ್ರವನ್ನು ಕೇಳುವವರು ಇದ್ದಾರೆಂಬ ದಾಖಲೆಯಾಗುತ್ತದೆ. ಕೇಳುವವರಿಲ್ಲದ ಚಿತ್ರದ ಸಂರಕ್ಷಣೆ ಯಾವಾಗಲೂ ಸಾಲಿನ ಕೊನೆಗೆ ಹೋಗುತ್ತದೆ.

ಆದ್ದರಿಂದ ತಮ್ಮಲ್ಲಿ ನನ್ನ ವಿನಂತಿಗಳು ಹೀಗಿವೆ. ಬ್ರೆಜಿಲ್ ಚಿತ್ರಗಳ ಮುಂದಿನ ಸರಣಿಯನ್ನು ಯಾರೇ ಏರ್ಪಡಿಸಲಿ, ಅದನ್ನು ‘ಸಾಂಗೆ ಮಿನೇರೊ’ದಿಂದ ಆರಂಭಿಸಿ, ‘ಲಿಮಿಟೆ’ ಮತ್ತು ‘ಆರ್ಜಿಲಾ’ ಎರಡನ್ನೂ ಅದರಲ್ಲಿ ಸೇರಿಸಬೇಕು. ಮೂರು ಚಿತ್ರಗಳನ್ನು ಒಂದರ ನಂತರ ಒಂದಾಗಿ ನೋಡಿದವರಿಗೆ ಒಬ್ಬ ನಟಿಯ ಬೆಳವಣಿಗೆ ಕಣ್ಣಿಗೆ ಕಟ್ಟುತ್ತದೆ. ಯಾವ ಉಪನ್ಯಾಸವೂ ಅಷ್ಟನ್ನು ತಿಳಿಸಲಾರದು. ಪ್ರತಿಗಳನ್ನು ಅಂತರ್ಜಾಲದ ಮಸುಕು ನಕಲುಗಳಿಂದ ತೋರಿಸದೆ, ಬ್ರೆಜಿಲಿನ ಚಿತ್ರ ಭಂಡಾರಗಳಿಗೆ ಬರೆದು, ಶುಲ್ಕ ಕೊಟ್ಟು ತರಿಸಬೇಕು. ಅದಕ್ಕೆ ತಗಲುವ ವೆಚ್ಚ ಒಂದು ಫಿಲಂ ಸೊಸೈಟಿಗೆ ಭಾರವಾದರೆ ಹಲವು ಸೊಸೈಟಿಗಳು ಕೂಡಿ, ಒಂದೇ ಪ್ರತಿಯನ್ನು ಬೆಂಗಳೂರು, ಮೈಸೂರು, ಹುಬ್ಬಳ್ಳಿ, ಮಂಗಳೂರುಗಳಲ್ಲಿ ತೋರಿಸಬಹುದು. ‘ಸಾಂಗೆ ಮಿನೇರೊ’ ಮೂಕಿ ಚಿತ್ರವಾದ್ದರಿಂದ ಅದರ ನಡುಬರಹಗಳನ್ನು, ಅಂದರೆ ದೃಶ್ಯಗಳ ನಡುವೆ ತೆರೆಯ ಮೇಲೆ ಬರುವ ಬರಹಗಳನ್ನು, ಕನ್ನಡಕ್ಕೆ ತರುವುದು ದೊಡ್ಡ ಕೆಲಸವಲ್ಲ. ಪೋರ್ಚುಗೀಸ್ ಬಲ್ಲ ವಿದ್ವಾಂಸರು ನೆರೆಯ ಗೋವಾದಲ್ಲಿಯೇ ಇದ್ದಾರೆ. ಅವರ ನೆರವು ಪಡೆದು ಸಿದ್ಧಪಡಿಸಿದ ಕನ್ನಡ ಪಾಠವನ್ನು ಪ್ರದರ್ಶನದ ವೇಳೆ ಓದಿ ಹೇಳಿದರೂ ಸಾಕು.

ಹಂಚುವ ಪರಿಚಯ ಪತ್ರಗಳಲ್ಲಿ ನಿರ್ದೇಶಕರ ಹೆಸರಿನ ಜೊತೆಗೆ ನಿರ್ಮಾಪಕರ, ಛಾಯಾಗ್ರಾಹಕರ ಹಾಗೂ ಚಿಕ್ಕ ಪಾತ್ರಗಳೂ ಸೇರಿದಂತೆ ಎಲ್ಲ ಕಲಾವಿದರ ಹೆಸರುಗಳನ್ನು ಅಚ್ಚು ಹಾಕಿಸಬೇಕು ಎಂಬುದು ನನ್ನ ಇನ್ನೊಂದು ಕೋರಿಕೆ. ಇದಕ್ಕೆ ಹೆಚ್ಚುವರಿ ಖರ್ಚಿಲ್ಲ, ಅರ್ಧ ಗಂಟೆಯ ಕೆಲಸ.

ಅಧ್ಯಾಪಕರಲ್ಲಿ ನನ್ನ ಮನವಿ ಸ್ವಲ್ಪ ಬೇರೆ. ಲ್ಯಾಟಿನ್ ಅಮೆರಿಕದ ಸಿನಿಮಾ ಎಂಬ ಘಟಕವನ್ನು ಕಲಿಸುವಾಗ 1960ರ ದಶಕಕ್ಕೆ ಹಾರುವ ಮುನ್ನ ಒಂದು ತರಗತಿಯನ್ನಾದರೂ ಕಟಾಗ್ವಾಜಿಸ್, ಸಿನೇಡಿಯಾ, ಬ್ರೆಜಿಲ್ ವೀಟಾ ಮತ್ತು 1941ರಲ್ಲಿ ಆರಂಭವಾದ ಅಟ್ಲಾಂಟಿಡಾ ಸಂಸ್ಥೆಗಳಿಗೆ ಮೀಸಲಿಡಬೇಕು. ಕ್ಲಿಯೊ ದೆ ವೆರ್ಬೆರೇನಾ ಮತ್ತು ಜಿಲ್ಡಾ ದೆ ಅಬ್ರೆವು ಅವರನ್ನೂ ಅದೇ ತರಗತಿಯಲ್ಲಿ ಪರಿಚಯಿಸಬಹುದು. 1940ರ ದಶಕದಲ್ಲೇ ಕನ್ನಡದಲ್ಲಿ ನಟಿಯಾಗಿದ್ದುಕೊಂಡು ನಿರ್ಮಾಪಕಿಯೂ ಆದ ಎಂ. ವಿ. ರಾಜಮ್ಮ ಅವರ ಹೆಸರನ್ನು ಕೇಳಿ ಬೆಳೆದ ನಮ್ಮ ವಿದ್ಯಾರ್ಥಿಗಳಿಗೆ ಕಾರ್ಮೆನ್ ಅವರ ಕಷ್ಟವನ್ನು ಬಿಡಿಸಿ ಹೇಳುವ ಅಗತ್ಯ ಬೀಳಲಾರದು. ಪ್ರಬಂಧಕ್ಕೆ ವಿಷಯ ಹುಡುಕುವ ಸ್ನಾತಕೋತ್ತರ ವಿದ್ಯಾರ್ಥಿಗಳಿಗೆ ಗ್ಲಾಬರ್ ರೋಶಾ ಅವರ ಮೇಲೆ ಮತ್ತೊಂದು ಪ್ರಬಂಧ ಬರೆಸುವ ಬದಲು ಈ ದಿಕ್ಕನ್ನು ತೋರಿಸಿ. ರೋಶಾ ಅವರ ಮಹತ್ವವನ್ನು ನಾನು ಕಡಿಮೆ ಮಾಡುತ್ತಿಲ್ಲ; ಅವರ ಬಗ್ಗೆ ಕನ್ನಡದಲ್ಲಿ ಓದಲು ಈಗಾಗಲೇ ಸಾಕಷ್ಟು ಸಿಗುತ್ತದೆ, ಕಾರ್ಮೆನ್ ಅವರ ಬಗ್ಗೆ ಒಂದು ಲೇಖನವೂ ನನ್ನ ಕಣ್ಣಿಗೆ ಬಿದ್ದಿಲ್ಲ.

ಚಿತ್ರೋತ್ಸವಗಳ ಆಯ್ಕೆ ಸಮಿತಿಗಳು ಪ್ರತಿ ವರ್ಷ ಒಬ್ಬ ಕಲಾವಿದರ ಪುನರವಲೋಕನ ಏರ್ಪಡಿಸುವುದು ವಾಡಿಕೆ. ಆ ಗೌರವ ಬಹುತೇಕ ನಿರ್ದೇಶಕರಿಗೇ ಸಲ್ಲುತ್ತ ಬಂದಿದೆ. ಒಂದು ವರ್ಷವಾದರೂ ಅದನ್ನು ನಟಿ ಹಾಗೂ ನಿರ್ಮಾಪಕಿಯೊಬ್ಬರಿಗೆ ಮೀಸಲಿಟ್ಟು, ಕಾರ್ಮೆನ್ ಅವರ ಉಳಿದುಬಂದಿರುವ ಚಿತ್ರಗಳು, ‘ಇನ್‌ಕಾನ್ಫಿಡೆನ್ಸಿಯಾ ಮಿನೇರಾ’ದ ತುಣುಕುಗಳು ಮತ್ತು ಮರಂಬಾಯಾದ ಆ ಅರ್ಧಕ್ಕೆ ನಿಂತ ಚಿತ್ರದ ದೃಶ್ಯಗಳನ್ನು ಬಳಸಿಕೊಂಡು ಸರ್ಜಿಯೊ ಮಚಾಡೊ 2002ರಲ್ಲಿ ಮಾಡಿದ ಸಾಕ್ಷ್ಯಚಿತ್ರ, ಇಷ್ಟನ್ನು ಒಟ್ಟಿಗೆ ತೋರಿಸಬೇಕೆಂದು ಕೋರುತ್ತೇನೆ.

ಈ ಕೋರಿಕೆಗಳಲ್ಲಿ ಯಾವುದನ್ನು ಯಾರು ಕೈಗೆತ್ತಿಕೊಳ್ಳಬಲ್ಲಿರಿ, ಯಾವುದು ಸಾಧ್ಯವಿಲ್ಲ, ಇಲ್ಲವಾದರೆ ಯಾವ ಕಾರಣಕ್ಕೆ ಎಂಬುದನ್ನು ತಾವೂ ಬಹಿರಂಗವಾಗಿಯೇ ತಿಳಿಸಬೇಕು. ಪರಿಚಯ ಪತ್ರಗಳನ್ನು ಬರೆಯುವ ಕೆಲಸವನ್ನಾಗಲಿ, ನಡುಬರಹಗಳ ಕನ್ನಡ ಪಾಠವನ್ನು ತಿದ್ದುವ ಕೆಲಸವನ್ನಾಗಲಿ ವಹಿಸಿದರೆ ಸಂಭಾವನೆಯ ನಿರೀಕ್ಷೆಯಿಲ್ಲದೆ ಮಾಡಿಕೊಡಲು ನಾನು ಸಿದ್ಧನಿದ್ದೇನೆ.

ಇಂತಿ ತಮ್ಮ ವಿಶ್ವಾಸಿ,
ಒಬ್ಬ ಇತಿಹಾಸ ಅಧ್ಯಾಪಕ, ತಮ್ಮ ಪ್ರದರ್ಶನಗಳ ಕಾಯಂ ಪ್ರೇಕ್ಷಕ